ಪೆನ್ಸಿಲ್ ಗೆರೆ, ಸೈಬರ್ ಸೆಂಟರ್ ಮತ್ತು ಕೋರ್ಟಿನ ಮೆಟ್ಟಿಲು

ಗೊತ್ತಿಲ್ಲದ ಪ್ರಶ್ನೆ ಬಂದು ಸರ್ಕಾರಿ ನೌಕರಿ ಕೈತಪ್ಪಿದವರನ್ನು ನಾವೆಲ್ಲ ನೋಡಿದ್ದೇವೆ. ಅದು ಪರೀಕ್ಷೆಯ ಸ್ವಭಾವ, ಒಪ್ಪಿಕೊಳ್ಳಬಹುದು. ಆದರೆ ಉತ್ತರಗಳನ್ನೆಲ್ಲ ಸರಿಯಾಗಿ ಬರೆದು, ಬೇಕಾದಷ್ಟು ಅಂಕವನ್ನೂ ತೆಗೆದುಕೊಂಡು, ಅರ್ಜಿಯೊಳಗಿನ ಒಂದು ಅಂಕಿಗೋ ಉತ್ತರ ಪತ್ರಿಕೆಯ ಮೇಲಿನ ಒಂದು ಗೆರೆಗೋ ನೌಕರಿ ಕಳೆದುಕೊಂಡವರೂ ಇದ್ದಾರೆ. ಅವರ ಸಂಕಟವೇ ಬೇರೆ. ಯಾರನ್ನು ಬೈಯಬೇಕು ಅಂತ ಅವರಿಗೇ ತಿಳಿಯುವುದಿಲ್ಲ.

ನಾನು ಧಾರವಾಡದವಳು, ಪ್ರೌಢಶಾಲೆಯಲ್ಲಿ ಟೀಚರ್ ಆಗಿದ್ದು ನಿವೃತ್ತಳಾದವಳು. ನಮ್ಮೂರಿನ ಸಪ್ತಾಪುರದ ಕಡೆ ಬಂದವರಿಗೆ ಗೊತ್ತು, ಅಲ್ಲಿ ಯಾವ ಓಣಿಗೆ ಹೋದರೂ ಒಂದು ಕೋಚಿಂಗ್ ಸೆಂಟರ್, ಒಂದು ಲೈಬ್ರರಿ, ಒಂದು ಝೆರಾಕ್ಸ್ ಅಂಗಡಿ. ಗದಗ, ಕೊಪ್ಪಳ, ಬಾಗಲಕೋಟೆ, ಹಾವೇರಿಯಿಂದ ಬಂದ ಮಕ್ಕಳು ಒಂದೊಂದು ಕೋಣೆಯಲ್ಲಿ ಮೂರು ಮೂರು ಜನ ಇದ್ದುಕೊಂಡು ಓದುತ್ತಾರೆ. ನಮ್ಮ ಮನೆಯ ಮಹಡಿಯಲ್ಲೂ ಹಲವು ವರ್ಷಗಳಿಂದ ಇಂಥ ಹುಡುಗಿಯರೇ ಬಾಡಿಗೆಗೆ ಇದ್ದಾರೆ. ಸರ್ವಿಸ್ ಇದ್ದಾಗ ಎಷ್ಟೋ ಭಾನುವಾರ ನೇಮಕಾತಿ ಪರೀಕ್ಷೆಗಳ ಕೊಠಡಿ ಮೇಲ್ವಿಚಾರಕಿಯಾಗಿ ನಿಂತಿದ್ದೇನೆ. ಈ ಎರಡೂ ಕಡೆಯಿಂದ ಕಂಡದ್ದನ್ನು, ಜೊತೆಗೆ ನ್ಯಾಯಾಲಯಗಳು ಇಂಥ ತಪ್ಪುಗಳ ಬಗ್ಗೆ ಏನು ಹೇಳಿವೆ ಅನ್ನುವುದನ್ನು ಇಲ್ಲಿ ಬರೆಯುತ್ತಿದ್ದೇನೆ. ಮನೆಯಲ್ಲಿ ಪರೀಕ್ಷೆಗೆ ಓದುವ ಮಗ, ಮಗಳು, ಸೊಸೆ ಇದ್ದರೆ ಅವರಿಗೂ ಓದಿ ಹೇಳಿ.

ಯಂತ್ರಕ್ಕೆ ಮರುಕ ಇರುವುದಿಲ್ಲ

ಮೊದಲು ಓಎಂಆರ್ ಹಾಳೆಯ ಸಂಗತಿ. ಅದನ್ನು ಓದುವುದು ಮನುಷ್ಯರಲ್ಲ, ಯಂತ್ರ. ಯಾವ ವೃತ್ತ ಕಪ್ಪಾಗಿದೆ, ಯಾವುದು ಬಿಳಿ ಇದೆ ಎನ್ನುವುದಷ್ಟೇ ಅದಕ್ಕೆ ಕಾಣುತ್ತದೆ. ಒಂದೇ ಪ್ರಶ್ನೆಗೆ ಎರಡು ವೃತ್ತ ಕಪ್ಪಾಗಿದ್ದರೆ ಆ ಉತ್ತರ ಹೋಯಿತು. ನೋಂದಣಿ ಸಂಖ್ಯೆಯ ಒಂದು ವೃತ್ತ ತಪ್ಪಿದರೆ ಆ ಹಾಳೆ ಯಾರದ್ದು ಎಂದೇ ಯಂತ್ರಕ್ಕೆ ತಿಳಿಯುವುದಿಲ್ಲ. ಎಲ್ಲಕ್ಕಿಂತ ಅಪಾಯದ್ದು ಪ್ರಶ್ನೆ ಪತ್ರಿಕೆಯ ವರ್ಷನ್ ಕೋಡ್. ಪಕ್ಕದವರನ್ನು ನೋಡಿ ಬರೆಯಬಾರದೆಂದು ಎ, ಬಿ, ಸಿ, ಡಿ ಎಂದು ಪ್ರಶ್ನೆಗಳ ಕ್ರಮ ಬದಲಿಸಿ ಕೊಟ್ಟಿರುತ್ತಾರೆ. ಬಿ ಪತ್ರಿಕೆ ಬಿಡಿಸಿದವರು ಸಿ ಅಂತ ತುಂಬಿಬಿಟ್ಟರೆ ಅವರ ಉತ್ತರಗಳನ್ನು ಸಿ ಪತ್ರಿಕೆಯ ಕೀ ಉತ್ತರದ ಜೊತೆ ಹೋಲಿಸುತ್ತಾರೆ. ತೊಂಬತ್ತು ಉತ್ತರ ಸರಿ ಇದ್ದವರಿಗೂ ಇಪ್ಪತ್ತು ಅಂಕ ಬಂದರೆ ಆಶ್ಚರ್ಯವಿಲ್ಲ.

ಕೊಠಡಿಯಲ್ಲಿ ನಾನು ಕಂಡ ಹಾಗೆ ಇಂಥ ತಪ್ಪುಗಳು ಆಗುವುದು ಮೊದಲ ಐದು ನಿಮಿಷ ಮತ್ತು ಕೊನೆಯ ಐದು ನಿಮಿಷದಲ್ಲಿ. ಮೊದಲು ಕೈ ನಡುಗುತ್ತಿರುತ್ತದೆ, ಕೊನೆಗೆ ಗಂಟೆ ಹೊಡೆಯುತ್ತಿರುತ್ತದೆ. ಚೆನ್ನಾಗಿ ಓದಿದ ಹುಡುಗರೇ ಹೆಚ್ಚು ಗಡಿಬಿಡಿ ಮಾಡಿಕೊಳ್ಳುತ್ತಾರೆ. ಅವರಿಗೆ ಕಳೆದುಕೊಳ್ಳುವುದು ಜಾಸ್ತಿ ಇರುತ್ತದಲ್ಲ, ಅದಕ್ಕೆ.

ನಮ್ಮ ರಾಜ್ಯದ್ದೇ ಒಂದು ಹಳೆಯ ತೀರ್ಪು

ಈ ವಿಷಯದಲ್ಲಿ ಇಡೀ ದೇಶದ ನ್ಯಾಯಾಲಯಗಳು ಈಗಲೂ ಎತ್ತಿ ಹೇಳುವ ಒಂದು ತೀರ್ಪು ನಮ್ಮ ಕರ್ನಾಟಕದ್ದೇ. ರಾಜ್ಯದ ನಾಗರಿಕ ಸೇವೆಗಳಿಗೆ ಕರ್ನಾಟಕ ಲೋಕಸೇವಾ ಆಯೋಗ ನಡೆಸಿದ ಲಿಖಿತ ಪರೀಕ್ಷೆಯಲ್ಲಿ ಕೆಲವು ಅಭ್ಯರ್ಥಿಗಳು ತಮ್ಮ ನೋಂದಣಿ ಸಂಖ್ಯೆಯನ್ನು ಉತ್ತರ ಪತ್ರಿಕೆಯ ಒಳಗೂ ಬರೆದಿದ್ದರು. ಹಾಗೆ ಬರೆಯಬಾರದು ಎಂಬ ಸ್ಪಷ್ಟ ಸೂಚನೆ ಇತ್ತು. ಆಯೋಗ ಅವರ ಪತ್ರಿಕೆಗಳನ್ನು ಮೌಲ್ಯಮಾಪನವನ್ನೇ ಮಾಡಲಿಲ್ಲ.

ಅವರು ಕರ್ನಾಟಕ ಆಡಳಿತ ನ್ಯಾಯಮಂಡಳಿಗೆ ಹೋದರು. ಒಂದು ಮಾತೂ ಕೇಳದೆ ಪತ್ರಿಕೆ ಬದಿಗಿಟ್ಟಿದ್ದು ಸರಿಯೇ ಅನ್ನುವುದು ಅಲ್ಲಿನ ಪ್ರಶ್ನೆ. ನ್ಯಾಯಮಂಡಳಿ ಅಭ್ಯರ್ಥಿಗಳ ಪರವಾಗಿ ಆದೇಶ ಕೊಟ್ಟಿತು. ಆಯೋಗ ಸುಪ್ರೀಂ ಕೋರ್ಟಿಗೆ ಹೋಯಿತು. 1992ರಲ್ಲಿ ಸುಪ್ರೀಂ ಕೋರ್ಟ್ ಆಯೋಗ ಮಾಡಿದ್ದೇ ಸರಿ ಎಂದಿತು. ಮೌಲ್ಯಮಾಪಕರಿಗೆ ಯಾರ ಪತ್ರಿಕೆ ಎಂದು ಗೊತ್ತಾಗದಂತೆ ಗುಟ್ಟು ಕಾಯುವುದು ಸ್ಪರ್ಧಾತ್ಮಕ ಪರೀಕ್ಷೆಯ ಜೀವಾಳ, ಅದು ಒಡೆಯುವಂಥ ತಪ್ಪಿಗೆ ಪ್ರತಿಯೊಬ್ಬರನ್ನೂ ಕರೆದು ವಿಚಾರಣೆ ಮಾಡಬೇಕೆಂದೇನೂ ಇಲ್ಲ ಅನ್ನುವುದು ಆ ತೀರ್ಪಿನ ತಿರುಳು.

ಮೊದಲ ಸಲ ಇದನ್ನು ಓದಿದಾಗ ನನಗೆ ಬಹಳ ಕಠಿಣ ಅನ್ನಿಸಿತು. ಆದರೆ ಯೋಚನೆ ಮಾಡಿ ನೋಡಿ. ಹೆಸರು, ನಂಬರು, ಪೇಪರಿನೊಳಗೆ ಯಾವುದೋ ಒಂದು ಗುರುತು ಇವುಗಳ ಮೂಲಕವೇ ಅಲ್ಲವೇ ಅಕ್ರಮ ನಡೆಯುವುದು? ಹತ್ತು ಜನ ತಿಳಿಯದೆ ಬರೆದಿರಬಹುದು, ಹನ್ನೊಂದನೆಯವನು ಬೇಕಂತಲೇ ಬರೆದಿರಬಹುದು. ಯಾರ ಮನಸ್ಸಿನಲ್ಲಿ ಏನಿತ್ತು ಅಂತ ಅಳೆಯುವ ತಕ್ಕಡಿ ಆಯೋಗದ ಹತ್ತಿರವೂ ಇಲ್ಲ, ಕೋರ್ಟಿನ ಹತ್ತಿರವೂ ಇಲ್ಲ.

ಜಡ್ಜ್ ಆಗಬೇಕಿದ್ದವರ ಪೆನ್ಸಿಲ್

ಇದೇ ದಾರಿಯಲ್ಲಿ ಇನ್ನೊಂದು ಪ್ರಕರಣ ತಮಿಳುನಾಡಿನದು. ಸಿವಿಲ್ ನ್ಯಾಯಾಧೀಶರ ಹುದ್ದೆಗೆ ಮುಖ್ಯ ಪರೀಕ್ಷೆ ಬರೆದ ಒಬ್ಬ ಹೆಣ್ಣುಮಗಳು ಕಾನೂನು ಪತ್ರಿಕೆಯೊಂದರಲ್ಲಿ ಕೆಲವು ಸಾಲುಗಳ ಕೆಳಗೆ ಪೆನ್ಸಿಲ್ಲಿನಿಂದ ಗೆರೆ ಎಳೆದಿದ್ದರು. ಪೆನ್ಸಿಲ್ ಬಳಸಬಾರದೆಂಬ ಸೂಚನೆ ಇತ್ತು. ಆ ಪತ್ರಿಕೆಯನ್ನು ಅಸಿಂಧು ಮಾಡಿದರು.

ಮದ್ರಾಸ್ ಹೈಕೋರ್ಟ್ ಆಕೆಯ ಪರವಾಗಿ ನಿಂತಿತು. ಆದರೆ 2019ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟ್ ಆ ಆದೇಶವನ್ನು ರದ್ದು ಮಾಡಿತು. ಅಧಿಸೂಚನೆಯ ಜೊತೆ ಕೊಟ್ಟ ಸೂಚನೆಗಳಿಗೆ ಕಾನೂನಿನ ಬಲ ಇದೆ, ಅವನ್ನು ಚಾಚೂ ತಪ್ಪದೆ ಪಾಲಿಸಬೇಕು, ಒಬ್ಬರ ಕಷ್ಟ ನೋಡಿ ಹೈಕೋರ್ಟ್ ನಿಯಮ ಸಡಿಲಿಸಲು ಬರುವುದಿಲ್ಲ ಎಂದು ಹೇಳಿತು.

ನಾವು ಟೀಚರ್‌ಗಳು ಇಲ್ಲಿ ಸ್ವಲ್ಪ ನಿಂತು ಯೋಚಿಸಬೇಕು. ಶಾಲೆಯಲ್ಲಿ ಮಕ್ಕಳಿಗೆ ಮುಖ್ಯವಾದ ಸಾಲಿಗೆ ಗೆರೆ ಹಾಕಿ, ನೀಟಾಗಿ ಕಾಣುತ್ತದೆ ಎಂದು ಹೇಳಿಕೊಡುವವರು ನಾವೇ. ಇಪ್ಪತ್ತು ವರ್ಷದ ಆ ರೂಢಿ ಒಂದು ದಿನ ಹುದ್ದೆಯನ್ನೇ ತಿನ್ನಬಹುದು. ಹಾಗಾಗಿ ನಮ್ಮ ಮಹಡಿಯ ಹುಡುಗಿಯರಿಗೆ ಈ ಕತೆ ತಪ್ಪದೆ ಹೇಳುತ್ತೇನೆ. ಕಂಪಾಸ್ ಪೆಟ್ಟಿಗೆ ಮನೆಯಲ್ಲೇ ಬಿಟ್ಟು ಹೋಗ್ರವ್ವಾ ಅಂತ.

ಎಂಟೋ, ಹದಿನೆಂಟೋ?

ಹಾಗಾದರೆ ತಪ್ಪಿಗೆ ಕ್ಷಮೆಯೇ ಇಲ್ಲವೇ ಅಂತ ಕೇಳಬೇಡಿ. ಇದೆ. 2024ರ ಜನವರಿ 2ರಂದು ಸುಪ್ರೀಂ ಕೋರ್ಟ್ ಕೊಟ್ಟ ಒಂದು ತೀರ್ಪು ನನಗೆ ಬಹಳ ಮೆಚ್ಚುಗೆಯಾಯಿತು.

ಬಿಹಾರದ ಸಣ್ಣ ಹಳ್ಳಿಯ ಹುಡುಗ ಪೊಲೀಸ್ ಕಾನ್‌ಸ್ಟೆಬಲ್ ಹುದ್ದೆಗೆ ಅರ್ಜಿ ಹಾಕಿದ. ಮನೆಯಲ್ಲಿ ಕಂಪ್ಯೂಟರ್ ಎಲ್ಲಿಯದು? ಸೈಬರ್ ಕೆಫೆಗೆ ಹೋಗಿ ಹಾಕಿಸಿದ. ಶಾಲೆಯ ದಾಖಲೆಯಲ್ಲಿ ಅವನ ಹುಟ್ಟಿದ ದಿನ 18 ಡಿಸೆಂಬರ್ 1997. ಅರ್ಜಿಯಲ್ಲಿ ಬಿದ್ದದ್ದು 8 ಡಿಸೆಂಬರ್ 1997. ಲಿಖಿತ ಪರೀಕ್ಷೆ ಪಾಸಾದ, ದೈಹಿಕ ಪರೀಕ್ಷೆ ಪಾಸಾದ. ಕೊನೆಗೆ ದಿನಾಂಕ ಹೊಂದುವುದಿಲ್ಲ ಎಂದು ಫೇಲ್ ಮಾಡಿದರು. ಹೈಕೋರ್ಟಿನಲ್ಲೂ ಸೋತ.

ಸುಪ್ರೀಂ ಕೋರ್ಟ್ ಕೇಳಿದ ಪ್ರಶ್ನೆ ಸರಳ. ಈ ತಪ್ಪಿನಿಂದ ಅವನಿಗೇನಾದರೂ ಲಾಭ ಆಯಿತೇ? ಎಂಟನೇ ತಾರೀಖಾದರೂ ಹದಿನೆಂಟಾದರೂ ಅವನು ವಯೋಮಿತಿಯ ಒಳಗೇ ಇದ್ದ. ಆಯ್ಕೆಯಲ್ಲಿ ಆ ಹತ್ತು ದಿನಕ್ಕೆ ಯಾವ ಪಾತ್ರವೂ ಇರಲಿಲ್ಲ. ಇದೊಂದು ಕ್ಷುಲ್ಲಕ ತಪ್ಪು, ಇಂಥದ್ದಕ್ಕೆ ಕಾನೂನು ತಲೆ ಕೆಡಿಸಿಕೊಳ್ಳುವುದಿಲ್ಲ ಎಂದು ಹೇಳಿ ಅವನನ್ನು ಪಾಸಾದವನೆಂದೇ ಪರಿಗಣಿಸಲು ಆದೇಶ ಕೊಟ್ಟಿತು. ಹುದ್ದೆ ಖಾಲಿ ಇಲ್ಲದಿದ್ದರೂ ಕೊಡಬೇಕು, ಬೇಕಾದರೆ ಮುಂದಿನ ನೇಮಕಾತಿಯಲ್ಲಿ ಸರಿಹೊಂದಿಸಿಕೊಳ್ಳಿ ಎಂದೂ ಸೇರಿಸಿತು.

ಗಮನಿಸಬೇಕಾದ ಸಂಗತಿ ಇನ್ನೊಂದಿದೆ. ಈ ತೀರ್ಪು ಕೊಟ್ಟ ನ್ಯಾಯಮೂರ್ತಿಗಳಾದ ಜೆ.ಕೆ. ಮಾಹೇಶ್ವರಿ ಮತ್ತು ಕೆ.ವಿ. ವಿಶ್ವನಾಥನ್ ಅವರೇ ಕೆಲವೇ ತಿಂಗಳ ಹಿಂದೆ, 2023ರಲ್ಲಿ, ಯುಪಿಎಸ್‌ಸಿ ಅಭ್ಯರ್ಥಿಗಳ ಅರ್ಜಿಯನ್ನು ವಜಾ ಮಾಡಿದ್ದರು. 2022ರ ನಾಗರಿಕ ಸೇವಾ ಪರೀಕ್ಷೆ ಬರೆದ ಅವರು ಆರ್ಥಿಕವಾಗಿ ಹಿಂದುಳಿದವರ ಮೀಸಲಾತಿ ಕೇಳಿದ್ದರು. ಆದರೆ ಅದಕ್ಕೆ ಬೇಕಾದ ಪ್ರಮಾಣಪತ್ರ ಕೊನೆಯ ದಿನಾಂಕದೊಳಗೆ, ನಿಗದಿ ಮಾಡಿದ ನಮೂನೆಯಲ್ಲಿ ಇರಲಿಲ್ಲ. ಅವರನ್ನು ಸಾಮಾನ್ಯ ವರ್ಗದಲ್ಲಿ ಪರಿಗಣಿಸಿದ್ದು ಸರಿ ಎಂದಿತು ಕೋರ್ಟ್.

ಅದೇ ನ್ಯಾಯಮೂರ್ತಿಗಳು, ಎರಡು ತೀರ್ಪು, ಎರಡು ದಿಕ್ಕು. ಮೇಲ್ನೋಟಕ್ಕೆ ವಿಚಿತ್ರ ಅನ್ನಿಸುತ್ತದೆ. ಆದರೆ ವ್ಯತ್ಯಾಸ ಅಲ್ಲೇ ಇದೆ. ಬಿಹಾರದ ಹುಡುಗನ ತಪ್ಪನ್ನು ತಿದ್ದಿದರೂ ತಿದ್ದದಿದ್ದರೂ ಸ್ಪರ್ಧೆಯ ಲೆಕ್ಕ ಬದಲಾಗುವುದಿಲ್ಲ. ಮೀಸಲಾತಿ ಹಾಗಲ್ಲ, ಅದರ ಲೆಕ್ಕ ಬದಲಾದರೆ ಪಟ್ಟಿಯಲ್ಲಿ ಒಬ್ಬರು ಒಳಗೆ ಬರುತ್ತಾರೆ, ಇನ್ನೊಬ್ಬರು ಹೊರಗೆ ಹೋಗುತ್ತಾರೆ.

ಮಹಡಿಯ ಹುಡುಗಿಯ ಕಾಲಂ

ಇದನ್ನೆಲ್ಲ ನಾನು ಕೂತು ಓದುವ ಹಾಗೆ ಮಾಡಿದ್ದು ನಮ್ಮ ಮಹಡಿಯ ಒಬ್ಬ ಹುಡುಗಿ. ರೋಣ ತಾಲ್ಲೂಕಿನ ಹಳ್ಳಿಯವಳು. ಅಪ್ಪನಿಗೆ ಮೂರು ಎಕರೆ ಮಳೆಯಾಶ್ರಿತ ಹೊಲ. ಒಂದರಿಂದ ಹತ್ತರವರೆಗೆ ಊರಿನ ಶಾಲೆಯಲ್ಲೇ ಕಲಿತವಳು. ನಮ್ಮ ರಾಜ್ಯದಲ್ಲಿ ಗ್ರಾಮೀಣ ಅಭ್ಯರ್ಥಿಗಳಿಗೆ ಶೇ 25, ಕನ್ನಡ ಮಾಧ್ಯಮದವರಿಗೆ ಶೇ 5 ಮೀಸಲಾತಿ ಇದೆಯಲ್ಲ, ಎರಡಕ್ಕೂ ಅವಳು ಅರ್ಹಳು. ಮುಖ್ಯೋಪಾಧ್ಯಾಯರ ಸಹಿ, ಕ್ಷೇತ್ರ ಶಿಕ್ಷಣಾಧಿಕಾರಿಗಳ ಮೇಲುಸಹಿ ಹಾಕಿದ ಪ್ರಮಾಣಪತ್ರ ಅಧಿಸೂಚನೆ ಬರುವ ಮೊದಲೇ ಅವಳ ಟ್ರಂಕಿನಲ್ಲಿತ್ತು.

ಅರ್ಜಿ ಹಾಕಲು ಸೈಬರ್ ಸೆಂಟರಿಗೆ ಹೋದದ್ದು ಕೊನೆಯ ದಿನದ ಹಿಂದಿನ ದಿನ. "ಸರ್ವರ್ ಹತ್ತವಲ್ತು, ಹಿಂದ ಇಪ್ಪತ್ತು ಮಂದಿ ಪಾಳಿ ಹಚ್ಚಿದ್ರು ಟೀಚರ್" ಅಂತ ಆಮೇಲೆ ಹೇಳಿದಳು. ಕಂಪ್ಯೂಟರಿನ ಹುಡುಗ ಪಟಪಟ ತುಂಬಿದ. ಕನ್ನಡ ಮಾಧ್ಯಮ: ಹೌದು. ಗ್ರಾಮೀಣ: ಇಲ್ಲ. ಪ್ರಿಂಟ್ ಕೈಗೆ ಬಂದಾಗ ಹೊರಗೆ ಕತ್ತಲಾಗಿತ್ತು, ಮರುದಿನ ಅವಳಿಗೆ ಊರಿಗೆ ಹೋಗುವುದಿತ್ತು. ನೋಡಿದ್ದು ಒಂದು ವಾರದ ಮೇಲೆ.

ತಕ್ಷಣ ನೇಮಕಾತಿ ನಡೆಸುವ ಕಚೇರಿಗೆ ಮನವಿ ಬರೆದು, ಪ್ರಮಾಣಪತ್ರದ ಪ್ರತಿ ಲಗತ್ತಿಸಿ ರಿಜಿಸ್ಟರ್ಡ್ ಪೋಸ್ಟ್ ಮಾಡಿದಳು. ಉತ್ತರ ಬರಲಿಲ್ಲ. ಪರೀಕ್ಷೆ ಬರೆದಳು. ಅವಳ ಪ್ರವರ್ಗದಲ್ಲಿ ಗ್ರಾಮೀಣ ಅಭ್ಯರ್ಥಿಗಳಿಗೆ ನಿಂತ ಕಟ್ ಆಫ್‌ಗಿಂತ ಅವಳ ಅಂಕ ಹೆಚ್ಚು, ಗ್ರಾಮೀಣ ಅಲ್ಲದವರ ಕಟ್ ಆಫ್‌ಗಿಂತ ಕಡಿಮೆ. ಪಟ್ಟಿಯಲ್ಲಿ ಹೆಸರು ಇರಲಿಲ್ಲ.

"ಟೀಚರ್, ನಾ ಹಳ್ಳ್ಯಾಗ ಕಲ್ತದ್ದು ಸುಳ್ಳೇನ್ರಿ?" ಅಂತ ಅವಳು ಕೇಳಿದಾಗ ನನಗೆ ಉತ್ತರ ಹೊಳೆಯಲಿಲ್ಲ.

ನನ್ನ ಮೈದುನ ವಕೀಲ, ನೌಕರಿಗೆ ಸಂಬಂಧಿಸಿದ ಪ್ರಕರಣಗಳನ್ನು ನೋಡುತ್ತಾನೆ. ಕಾಗದಪತ್ರ ಎಲ್ಲ ನೋಡಿ ಹೇಳಿದ: "ವೈನಿ, ಸುಳ್ಳು ಆಸೆ ಹಚ್ಚಂಗಿಲ್ಲ ನಾ. ಇದು ಬಿಹಾರದ ಕೇಸಿನಷ್ಟು ಹಗುರ ಇಲ್ಲ. ಮೀಸಲಾತಿ ಕೇಳಿಲ್ಲ ಅಂದ್ರ ಕೇಳಿಲ್ಲ ಅಂತಾರ ಅವರು. ಆದ್ರ ಸರ್ಟಿಫಿಕೇಟು ಮೊದಲ ಐತಿ, ಪರೀಕ್ಷೆಗಿಂತ ಮೊದಲ ತಿದ್ದಿರಿ ಅಂತ ಬರದಾಳ. ಅದೇ ಅಕಿ ಕೈಯಾಗಿನ ಬಲ."

ಆ "ಬಲ" ಅಂದರೇನು ಅಂತ ಕೇಳಿದೆ. ಆಗ ಅವನು ಎರಡು ಹಳೆಯ ತೀರ್ಪುಗಳ ಕತೆ ಹೇಳಿದ. 1980ರಲ್ಲಿ ನ್ಯಾಯಮೂರ್ತಿ ವಿ.ಆರ್. ಕೃಷ್ಣ ಅಯ್ಯರ್ ಕೇರಳದ ವೈದ್ಯಕೀಯ ಸ್ನಾತಕೋತ್ತರ ಪ್ರವೇಶದ ಪ್ರಕರಣವೊಂದರಲ್ಲಿ ಒಂದು ಭೇದ ಮಾಡಿ ತೋರಿಸಿದ್ದರು: ಅರ್ಹತೆ ಇರುವುದು ಬೇರೆ, ಅದಕ್ಕೆ ಪುರಾವೆ ಕೊಡುವುದು ಬೇರೆ. ಅರ್ಹತೆ ಕೊನೆಯ ದಿನಾಂಕದೊಳಗೆ ಇರಲೇಬೇಕು. ಪುರಾವೆ ಸ್ವಲ್ಪ ತಡವಾದರೆ ಆಕಾಶ ಬೀಳುವುದಿಲ್ಲ. 2004ರಲ್ಲಿ ಒಡಿಶಾದ ವೈದ್ಯಕೀಯ ಪ್ರವೇಶದ ಪ್ರಕರಣದಲ್ಲೂ ಸುಪ್ರೀಂ ಕೋರ್ಟ್ ಇದೇ ಮಾತು ಹೇಳಿತು. ಅಲ್ಲಿ ಮಾಜಿ ಸೈನಿಕರೊಬ್ಬರ ಮಗಳಿಗೆ ಜಿಲ್ಲಾ ಸೈನಿಕ ಮಂಡಳಿ ಕೊಟ್ಟ ಪ್ರಮಾಣಪತ್ರವೇ ತಪ್ಪಾಗಿತ್ತು. ಕಚೇರಿಯವರ ತಪ್ಪಿಗೆ ಹುಡುಗಿ ಸೀಟು ಕಳೆದುಕೊಳ್ಳಬಾರದು, ಪುರಾವೆ ಕುರಿತ ನಿಯಮದ ಪ್ರತಿಯೊಂದು ಲೋಪಕ್ಕೂ ಅರ್ಜಿ ತಿರಸ್ಕಾರವೇ ಉತ್ತರವಲ್ಲ ಎಂದಿತು.

ಆದರೆ ಎದುರು ಪಕ್ಷಕ್ಕೂ ತೀರ್ಪುಗಳಿವೆ. 2011ರಲ್ಲಿ ಅಸ್ಸಾಂನ ಪ್ರಕರಣವೊಂದರಲ್ಲಿ ಸುಪ್ರೀಂ ಕೋರ್ಟ್, ಜಾಹೀರಾತಿನಲ್ಲಿ ಷರತ್ತು ಸಡಿಲಿಸುವ ಅಧಿಕಾರ ಇಟ್ಟುಕೊಂಡಿರದಿದ್ದರೆ ಒಬ್ಬರಿಗಾಗಿ ಸಡಿಲಿಸುವಂತಿಲ್ಲ ಎಂದಿದೆ. ಅದರ ಹಿಂದಿನ ತರ್ಕವನ್ನೂ ತಳ್ಳಿಹಾಕಲಾಗದು. ಅದೇ ತಪ್ಪು ಮಾಡಿ, "ಇನ್ನೇನು, ಮುಗೀತು" ಅಂತ ಸುಮ್ಮನೆ ಮನೆಯಲ್ಲಿ ಕೂತವರು ಎಷ್ಟೋ ಜನ ಇರುತ್ತಾರೆ. ಕೋರ್ಟಿಗೆ ಬಂದವರಿಗೆ ಮಾತ್ರ ರಿಯಾಯಿತಿ ಕೊಟ್ಟರೆ ಅವರಿಗೆ ಅನ್ಯಾಯವಲ್ಲವೇ?

ಹುಡುಗಿಯ ಅರ್ಜಿ ಈಗ ಬೆಳಗಾವಿಯ ಆಡಳಿತ ನ್ಯಾಯಮಂಡಳಿ ಪೀಠದಲ್ಲಿದೆ. ಅಪ್ಪ ಖರ್ಚಿಗೆಂದು ಒಂದು ಎಮ್ಮೆ ಮಾರಿದರು. ಅವಳು ಮಾತ್ರ ಪುಸ್ತಕ ಮುಚ್ಚಿಲ್ಲ, ಮುಂದಿನ ಪರೀಕ್ಷೆಗೆ ಓದುತ್ತಿದ್ದಾಳೆ. "ಕೇಸು ಕೇಸಿನ ಪಾಡಿಗೆ, ಓದು ಓದಿನ ಪಾಡಿಗೆ" ಅಂತ ಮೈದುನ ಮೊದಲ ದಿನವೇ ಹೇಳಿದ ಮಾತನ್ನು ಅವಳು ಗೋಡೆಗೆ ಬರೆದು ಅಂಟಿಸಿಕೊಂಡಿದ್ದಾಳೆ.

ತವರಿನದೋ, ಗಂಡನ ಮನೆಯದೋ?

ಹೆಣ್ಣುಮಕ್ಕಳಿಗೆ ಸಂಬಂಧಿಸಿದ ಇನ್ನೊಂದು ಪ್ರಕರಣ ನೀವು ಪತ್ರಿಕೆಗಳಲ್ಲಿ ಓದಿರಬಹುದು. 2022ರಲ್ಲಿ ನಮ್ಮ ರಾಜ್ಯದಲ್ಲಿ 15,000 ಪದವೀಧರ ಪ್ರಾಥಮಿಕ ಶಿಕ್ಷಕರ ನೇಮಕಾತಿ ನಡೆಯಿತು. ಮದುವೆಯಾದ ಹಲವು ಅಭ್ಯರ್ಥಿಗಳು ತಂದೆಯ ಕಡೆಯ ಜಾತಿ ಮತ್ತು ಆದಾಯ ಪ್ರಮಾಣಪತ್ರ ಕೊಟ್ಟಿದ್ದರು. ಗಂಡನ ಆದಾಯದ ಪ್ರಮಾಣಪತ್ರ ಬೇಕಿತ್ತು ಎಂದು ಹೇಳಿ ಅವರನ್ನು ಮೀಸಲಾತಿಯಿಂದ ತೆಗೆದು ಸಾಮಾನ್ಯ ವರ್ಗಕ್ಕೆ ಸೇರಿಸಿದರು. ಅವರಲ್ಲಿ ಎಷ್ಟೋ ಮಂದಿ ಪಟ್ಟಿಯಿಂದಲೇ ಹೊರಗೆ ಬಿದ್ದರು.

2023ರ ಜನವರಿಯಲ್ಲಿ ಹೈಕೋರ್ಟಿನ ಏಕಸದಸ್ಯ ಪೀಠ ಆ ಹೆಣ್ಣುಮಕ್ಕಳ ಪರವಾಗಿ ತೀರ್ಪು ಕೊಟ್ಟಿತು. ಅದೇ ವರ್ಷ ಅಕ್ಟೋಬರಿನಲ್ಲಿ ವಿಭಾಗೀಯ ಪೀಠ ಅದನ್ನು ಬದಿಗಿಟ್ಟು, ಇದನ್ನು ಮೊದಲು ಕೇಳಬೇಕಾದದ್ದು ಆಡಳಿತ ನ್ಯಾಯಮಂಡಳಿಯಲ್ಲಿ ಎಂದಿತು. ನಡುವೆ ಆಯ್ಕೆಯಾದ ಸಾವಿರಾರು ಮಂದಿ ಆದೇಶ ಪತ್ರಕ್ಕಾಗಿ ಕಾದು ಕೂತಿದ್ದರು, ಶಾಲೆಗಳು ಶಿಕ್ಷಕರಿಗಾಗಿ ಕಾದಿದ್ದವು.

ಇಲ್ಲಿ ತಪ್ಪು ಯಾರದು? ಮದುವೆಯಾದ ಮಗಳ ಹಿಂದುಳಿದಿರುವಿಕೆಯನ್ನು ಯಾವ ಮನೆಯಿಂದ ಅಳೆಯಬೇಕು ಅನ್ನುವುದರಲ್ಲೇ ಗೊಂದಲ ಇದ್ದರೆ ಅರ್ಜಿ ತುಂಬುವವಳು ಏನು ಮಾಡಬೇಕು? ಅಭ್ಯರ್ಥಿಯ ತಪ್ಪು ಎಂದು ನಾವು ಕರೆಯುವ ಎಷ್ಟೋ ಸಂಗತಿಗಳು ನಿಜಕ್ಕೂ ಅಧಿಸೂಚನೆಯ ಭಾಷೆಯ ತಪ್ಪುಗಳು.

ಆಯೋಗ ತಪ್ಪಿದರೆ?

ಈ ಪ್ರಶ್ನೆಯನ್ನು ಮಹಡಿಯ ಹುಡುಗಿಯರು ನನಗೆ ಕೇಳುತ್ತಲೇ ಇರುತ್ತಾರೆ. ನಮ್ಮ ಒಂದು ಗೆರೆಗೆ ಕ್ಷಮೆ ಇಲ್ಲ, ಅವರ ತಪ್ಪಿಗೆ? 2024ರ ಆಗಸ್ಟ್ 27ರಂದು 384 ಗೆಜೆಟೆಡ್ ಪ್ರೊಬೇಷನರಿ ಹುದ್ದೆಗಳಿಗೆ ನಡೆದ ಪೂರ್ವಭಾವಿ ಪರೀಕ್ಷೆಯಲ್ಲಿ ಕನ್ನಡ ಅನುವಾದ ಎಷ್ಟು ಕೆಟ್ಟಿತ್ತೆಂದರೆ ಮುಖ್ಯಮಂತ್ರಿ ಸಿದ್ದರಾಮಯ್ಯ ಅವರೇ ಮರುಪರೀಕ್ಷೆಗೆ ಸೂಚಿಸಬೇಕಾಯಿತು. ಡಿಸೆಂಬರ್ 29ರಂದು ಮರುಪರೀಕ್ಷೆ ನಡೆದಾಗಲೂ ಅನುವಾದದ ದೂರುಗಳು ನಿಲ್ಲಲಿಲ್ಲ. ಕನ್ನಡದಲ್ಲಿ ಓದಿ ಕನ್ನಡದಲ್ಲೇ ಬರೆಯುವ ಹಳ್ಳಿ ಮಕ್ಕಳು ಇಂಗ್ಲಿಷ್ ಪ್ರಶ್ನೆ ನೋಡಿ ಕನ್ನಡ ಪ್ರಶ್ನೆಯ ಅರ್ಥ ಮಾಡಿಕೊಳ್ಳಬೇಕಾಯಿತು.

ಕೀ ಉತ್ತರದ ತಕರಾರಿನಲ್ಲೂ ಕಾನೂನು ಮೊದಲು ಪರೀಕ್ಷಾ ಮಂಡಳಿಯನ್ನೇ ನಂಬುತ್ತದೆ. 1983ರ ಕಾನ್ಪುರ ವಿಶ್ವವಿದ್ಯಾಲಯದ ಪ್ರಕರಣದಿಂದ ಬಂದ ನಿಯಮ ಇದು: ಕೀ ಉತ್ತರ ಸ್ಪಷ್ಟವಾಗಿ ತಪ್ಪು ಎಂದು ತೋರಿಸಿಕೊಡುವ ತನಕ ಅದನ್ನೇ ಸರಿ ಎಂದು ಭಾವಿಸಬೇಕು. 2017ರ ಡಿಸೆಂಬರಿನಲ್ಲಿ ಉತ್ತರ ಪ್ರದೇಶದ ಶಿಕ್ಷಕರ ನೇಮಕಾತಿಯ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇನ್ನೂ ಬಿಡಿಸಿ ಹೇಳಿತು. ನ್ಯಾಯಾಧೀಶರು ವಿಷಯ ತಜ್ಞರಲ್ಲ, ಅವರು ಮೌಲ್ಯಮಾಪನಕ್ಕೆ ಕೂರಬಾರದು, ಅನುಮಾನ ಬಂದರೆ ಅದರ ಲಾಭ ಮಂಡಳಿಗೆ ಹೋಗಬೇಕೇ ಹೊರತು ಅಭ್ಯರ್ಥಿಗಲ್ಲ ಎಂದು. ಹಾಗಾಗಿ "ನನಗೆ ಹಾಗನ್ನಿಸುತ್ತದೆ" ಎಂದು ಕೋರ್ಟಿಗೆ ಹೋದರೆ ಪ್ರಯೋಜನವಿಲ್ಲ. ಪಠ್ಯಪುಸ್ತಕದ ಪುಟ ಕೈಯಲ್ಲಿರಬೇಕು.

ಅಭ್ಯರ್ಥಿಯ ಕೈಯಲ್ಲಿರುವ ದೊಡ್ಡ ಆಯುಧ ಒಂದಿದೆ, ಓಎಂಆರ್ ಕಾರ್ಬನ್ ಪ್ರತಿ. 2021ರ ಅಕ್ಟೋಬರಿನಲ್ಲಿ 545 ಪಿಎಸ್‌ಐ ಹುದ್ದೆಗಳಿಗೆ ನಡೆದ ಪರೀಕ್ಷೆಯ ಹಗರಣದಲ್ಲಿ ಮೂಲ ಹಾಳೆಗೂ ಅಭ್ಯರ್ಥಿಯ ಕಾರ್ಬನ್ ಪ್ರತಿಗೂ ಹೋಲಿಕೆ ಮಾಡಿ ನೋಡಿದ್ದು ತನಿಖೆಯ ಮುಖ್ಯ ಭಾಗವಾಗಿತ್ತು. ಆ ಪರೀಕ್ಷೆ ರದ್ದಾಗಿ, 2024ರ ಜನವರಿಯಲ್ಲಿ ಮರುಪರೀಕ್ಷೆ ನಡೆಯಿತು. ಪ್ರಾಮಾಣಿಕವಾಗಿ ಪಾಸಾದವರೂ ಮತ್ತೆ ಬರೆಯಬೇಕಾಯಿತು. ಪರೀಕ್ಷಾ ನಿಯಮಗಳು ಯಾಕೆ ಅಷ್ಟು ಬಿಗಿ ಎಂದು ಕೇಳುವಾಗ ಇದನ್ನೂ ನೆನಪಿಡಬೇಕು.

ಕೋರ್ಟಿಗೆ ಹೋಗುವ ಮೊದಲು

ಮೈದುನನ ಹತ್ತಿರ ಕೇಳಿ ಬರೆದುಕೊಂಡದ್ದನ್ನು ನಿಮಗೂ ಹೇಳುತ್ತೇನೆ.

ರಾಜ್ಯ ಸರ್ಕಾರದ ಹುದ್ದೆಗಳ ನೇಮಕಾತಿ ತಕರಾರು ಮೊದಲು ಹೋಗಬೇಕಾದದ್ದು ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ. ಬೆಂಗಳೂರಿನ ಜೊತೆ ಬೆಳಗಾವಿ ಮತ್ತು ಕಲಬುರಗಿಯಲ್ಲಿ ಅದರ ಪೀಠಗಳಿವೆ. ಅಲ್ಲಿ ಸೋತರೆ ಹೈಕೋರ್ಟಿನ ವಿಭಾಗೀಯ ಪೀಠ. 1997ರ ಸುಪ್ರೀಂ ಕೋರ್ಟ್ ತೀರ್ಪಿನಿಂದ ಬಂದ ವ್ಯವಸ್ಥೆ ಇದು. ಕೇಂದ್ರ ಸರ್ಕಾರದ ಹುದ್ದೆಗಳಿಗೆ ಬೇರೆ ನ್ಯಾಯಮಂಡಳಿ ಇದೆ. ಸಾಮಾನ್ಯವಾಗಿ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. ಆದರೆ ವರ್ಷ ಇದೆಯಲ್ಲ ಎಂದು ಕೂರಬೇಡಿ. ಅಂತಿಮ ಪಟ್ಟಿ ಬಂದು, ಬೇರೆಯವರು ಕೆಲಸಕ್ಕೆ ಸೇರಿದ ಮೇಲೆ ಅವರನ್ನು ಎಬ್ಬಿಸಲು ಯಾವ ನ್ಯಾಯಾಧೀಶರಿಗೂ ಮನಸ್ಸು ಬರುವುದಿಲ್ಲ.

ತಪ್ಪು ಕಂಡ ದಿನವೇ ಲಿಖಿತ ಮನವಿ ಕಳಿಸಿ, ಅದರ ರಸೀದಿ ಇಟ್ಟುಕೊಳ್ಳಿ. ಫಲಿತಾಂಶ ಬರುವ ಮೊದಲು ಹೇಳಿದ ತಪ್ಪಿಗೂ ಸೋತ ಮೇಲೆ ಹೇಳಿದ ತಪ್ಪಿಗೂ ಬಹಳ ಅಂತರವಿದೆ. ಕೋರ್ಟ್ ನೋಡುವುದು ಮುಖ್ಯವಾಗಿ ನಾಲ್ಕು ಸಂಗತಿ. ಸೂಚನೆ ಸ್ಪಷ್ಟವಾಗಿತ್ತೇ? ತಪ್ಪಿನಿಂದ ಲಾಭವಾಯಿತೇ? ಗುಟ್ಟು ಒಡೆಯಿತೇ? ಅದನ್ನು ಸರಿ ಮಾಡಿದರೆ ಇನ್ನೊಬ್ಬರ ಅನ್ನಕ್ಕೆ ಕಲ್ಲು ಬೀಳುತ್ತದೆಯೇ? ಈ ನಾಲ್ಕಕ್ಕೂ ನಿಮ್ಮ ಹತ್ತಿರ ಉತ್ತರ ಇದ್ದರೆ ಮುಂದೆ ಹೋಗಿ. ಇಲ್ಲವಾದರೆ ಆ ದುಡ್ಡನ್ನು ಮುಂದಿನ ಪರೀಕ್ಷೆಯ ಪುಸ್ತಕಕ್ಕೆ ಹಾಕಿ.

ಇನ್ನು ಮನೆಯವರು ಮಾಡಬಹುದಾದದ್ದು. ಅರ್ಜಿಯನ್ನು ಸೈಬರ್ ಸೆಂಟರಿನವರೇ ತುಂಬಲಿ, ಆದರೆ ಸಲ್ಲಿಸುವ ಬಟನ್ ಒತ್ತುವ ಮೊದಲು ಪರದೆಯ ಮೇಲಿನ ಪ್ರತಿ ಸಾಲನ್ನು ಎಸ್ಸೆಸ್ಸೆಲ್ಸಿ ಅಂಕಪಟ್ಟಿ ಕೈಯಲ್ಲಿ ಹಿಡಿದು ಇಬ್ಬರು ಗಟ್ಟಿಯಾಗಿ ಓದಬೇಕು. ಕೊನೆಯ ವಾರಕ್ಕೆ ಬಿಡಬಾರದು. ಪರಿಶಿಷ್ಟ ಜಾತಿ, ಪಂಗಡಕ್ಕೆ ನಮೂನೆ-ಡಿ, ಪ್ರವರ್ಗ-1ಕ್ಕೆ ನಮೂನೆ-ಇ, 2ಎ, 2ಬಿ, 3ಎ, 3ಬಿಗೆ ನಮೂನೆ-ಎಫ್. ಪ್ರಮಾಣಪತ್ರದ ದಿನಾಂಕ ಅರ್ಜಿಯ ಕೊನೆಯ ದಿನದ ಒಳಗಿದೆಯೇ, ಅವಧಿ ಮುಗಿದಿಲ್ಲವೇ ನೋಡಿ. ಕಲ್ಯಾಣ ಕರ್ನಾಟಕದವರು 371ಜೆ ಪ್ರಮಾಣಪತ್ರ ಕೈಯಲ್ಲಿದ್ದರೆ ಸಾಲದು, ಅರ್ಜಿಯಲ್ಲೂ ಅದನ್ನು ಕೇಳಿರಬೇಕು. ಅರ್ಜಿ ತಿದ್ದಲು ಅವಕಾಶ ಕೊಟ್ಟ ದಿನಗಳನ್ನು ಕ್ಯಾಲೆಂಡರಿನ ಮೇಲೆ ಗುರುತು ಹಾಕಿ. ಪರೀಕ್ಷೆಯ ಕೊಠಡಿಯಲ್ಲಿ ವರ್ಷನ್ ಕೋಡ್, ನೋಂದಣಿ ಸಂಖ್ಯೆ ತುಂಬಿದ ಮೇಲೆ ಒಂದು ಸಲ ಉಸಿರು ಬಿಟ್ಟು ಮತ್ತೆ ನೋಡಿ. ಸಂಶಯ ಬಂದರೆ ಮೇಲ್ವಿಚಾರಕರನ್ನು ಕೇಳಿ. ನಾವು ಅಲ್ಲಿ ನಿಂತಿರುವುದು ಹೆದರಿಸಲಿಕ್ಕಲ್ಲ.

ಅಧಿಕಾರದಲ್ಲಿರುವವರಿಗೂ ಒಂದು ಮಾತು. ಗುಟ್ಟು ಕಾಯುವ ನಿಯಮ ಬಿಗಿಯಾಗಿರಲಿ, ಒಪ್ಪುತ್ತೇನೆ. ಆದರೆ ಹುಟ್ಟಿದ ದಿನಾಂಕ, ಶಾಲೆಯ ವಿವರ, ಗ್ರಾಮೀಣ, ಕನ್ನಡ ಮಾಧ್ಯಮ ಇವೆಲ್ಲ ಸರ್ಕಾರದ ಕಡತಗಳಲ್ಲೇ ಇರುವ ಸತ್ಯಗಳು. ಪರೀಕ್ಷೆಗೆ ಮುಂಚೆ ಪ್ರತಿಯೊಬ್ಬ ಅಭ್ಯರ್ಥಿಗೂ ಅವರು ತುಂಬಿದ ವಿವರವನ್ನು ಒಮ್ಮೆ ಮೊಬೈಲಿಗೆ ಕಳಿಸಿ, ಸರಿ ಇದೆಯೇ ಎಂದು ಕೇಳಿ, ಎಲ್ಲರಿಗೂ ಸಮನಾಗಿ ಒಂದು ವಾರ ತಿದ್ದಲು ಬಿಟ್ಟರೆ ಯಾರಿಗೂ ಅನ್ಯಾಯವಾಗುವುದಿಲ್ಲ. ಮನವಿ ತಿರಸ್ಕರಿಸುವುದಾದರೆ ಕಾರಣ ಬರೆದು ತಿರಸ್ಕರಿಸಲಿ. ಉತ್ತರವೇ ಬಾರದ ರಿಜಿಸ್ಟರ್ಡ್ ಪೋಸ್ಟ್‌ಗಾಗಿ ಒಂದು ಮನೆ ಎಮ್ಮೆ ಮಾರುವ ಹಾಗಾಗಬಾರದು.